ಹಳೆಯ ಗೇಮ್ ಬಾಯ್, ಡಿಎಸ್ ಆಟಗಳನ್ನು ಹೊಸ ಕೈ ಕನ್ಸೋಲ್‌ನಲ್ಲಿ ಆಡುವುದು ಹೇಗೆ: ಸಮಗ್ರ ಮಾರ್ಗದರ್ಶಿ

ಹೊರದೇಶದಿಂದ ರಜೆಗೆ ಬಂದ ಚಿಕ್ಕಪ್ಪನೋ ಮಾವನೋ ತಂದುಕೊಟ್ಟ ಬೂದು ಬಣ್ಣದ ಗೇಮ್ ಬಾಯ್ ಕಾರ್ಟ್ರಿಜ್ ನಮ್ಮಲ್ಲಿ ಕೆಲವರ ಮನೆಯ ಬೀರುವಿನಲ್ಲಿ ಇನ್ನೂ ಉಳಿದಿದೆ. ಅದನ್ನು ಹಾಕಿ ಆಡುತ್ತಿದ್ದ ಯಂತ್ರ ಮಾತ್ರ ಸೆಲ್ ಸೋರಿಯೋ ಪರದೆ ಒಡೆದೋ ಎಂದೋ ಕಸಕ್ಕೆ ಹೋಗಿರುತ್ತದೆ. ಕಾರ್ಟ್ರಿಜ್ ಒಳಗಿನ ಚಿಪ್ ಚೆನ್ನಾಗಿದ್ದರೆ ಆ ಆಟವನ್ನು ಅದಕ್ಕಿಂತ ಹೊಸ ಕನ್ಸೋಲ್‌ನಲ್ಲಿ ಆಡಬಹುದು; ಆದರೆ ಯಾವ ಕಾರ್ಟ್ರಿಜ್‌ಗೆ ಯಾವ ಕನ್ಸೋಲ್ ಎಂಬುದನ್ನು ಮೊದಲೇ ಸರಿಯಾಗಿ ತಿಳಿದುಕೊಳ್ಳದೆ ಹಣ ಹಾಕಿದವರು ಬಹಳ ಜನ. ಈ ಬರಹ ನಿಂಟೆಂಡೊ ಕಂಪನಿಯ ಕೈ ಕನ್ಸೋಲ್‌ಗಳಿಗೆ ಮಾತ್ರ ಸಂಬಂಧಿಸಿದ್ದು.

ಮೂಲ ನಿಯಮ ಸರಳವಾಗಿದೆ. 1989ರ ಗೇಮ್ ಬಾಯ್ ಮತ್ತು 1998ರ ಗೇಮ್ ಬಾಯ್ ಕಲರ್ ಒಂದೇ ಮನೆತನ. ಅವುಗಳ ಆಟಗಳು 2001ರ ಗೇಮ್ ಬಾಯ್ ಅಡ್ವಾನ್ಸ್‌ನಲ್ಲಿ ನಡೆಯುತ್ತವೆ. ಅಡ್ವಾನ್ಸ್‌ನ ಆಟಗಳು 2004ರ ಡಿಎಸ್‌ನಲ್ಲಿ, ಡಿಎಸ್‌ನ ಆಟಗಳು 2011ರ 3ಡಿಎಸ್‌ನಲ್ಲಿ ನಡೆಯುತ್ತವೆ. ಅಜ್ಜನ ಮಾತು ಅಪ್ಪನಿಗೆ ತಿಳಿಯುತ್ತದೆ, ಮೊಮ್ಮಗನಿಗೆ ತಿಳಿಯುವುದಿಲ್ಲ. ಆದ್ದರಿಂದ ಮೊದಲ ಗೇಮ್ ಬಾಯ್‌ನ ಕಾರ್ಟ್ರಿಜ್ ಹಿಡಿದುಕೊಂಡು ಡಿಎಸ್ ಖರೀದಿಸಿದರೆ ಅದು ಕಿಂಡಿಯೊಳಗೇ ಹೋಗುವುದಿಲ್ಲ.

ಇದಕ್ಕೆ ಕಾರಣ ಕಂಪನಿಯ ಮನಸ್ಸಿನಲ್ಲಿಲ್ಲ, ಚಿಪ್‌ನಲ್ಲಿದೆ. ಗೇಮ್ ಬಾಯ್ ಅಡ್ವಾನ್ಸ್‌ನೊಳಗೆ ಅದರ ಸ್ವಂತ 32 ಬಿಟ್ ಪ್ರೊಸೆಸರ್ ಜೊತೆಗೆ ಹಳೆಯ ಗೇಮ್ ಬಾಯ್‌ನ 8 ಬಿಟ್ ಪ್ರೊಸೆಸರ್ ಕೂಡ ಬೇರೆಯಾಗಿ ಕುಳಿತಿದೆ. ಡಿಎಸ್‌ನಲ್ಲಿ ಎರಡು ಪ್ರೊಸೆಸರ್‌ಗಳಿದ್ದು, ಅವುಗಳಲ್ಲಿ ಚಿಕ್ಕದಾದ ಎಆರ್‌ಎಂ7 ಅಡ್ವಾನ್ಸ್‌ನಲ್ಲಿದ್ದದ್ದೇ ಆಗಿರುವುದರಿಂದ, ಅದು 33 ಮೆಗಾಹರ್ಟ್ಸ್‌ನಿಂದ ಸುಮಾರು 16.8ಕ್ಕೆ ಇಳಿದು ಹಳೆಯ ಆಟವನ್ನು ನೇರವಾಗಿ ನಡೆಸುತ್ತದೆ. ಆದರೆ ಆ 8 ಬಿಟ್ ಪ್ರೊಸೆಸರ್ ಡಿಎಸ್‌ನಲ್ಲಿ ಇಲ್ಲ.

ಮೊದಲ ಹೆಜ್ಜೆ: ಕಾರ್ಟ್ರಿಜ್ ಯಾವುದೆಂದು ಗುರುತಿಸುವುದು

ಲೇಬಲ್ ಹರಿದು ಹೋಗಿದ್ದರೂ ಆಕಾರದಿಂದಲೇ ಕಾರ್ಟ್ರಿಜ್‌ನ ಕುಲ ತಿಳಿಯುತ್ತದೆ. ಹೆಚ್ಚು ಕಡಿಮೆ ಬೆಂಕಿಪೊಟ್ಟಣಕ್ಕಿಂತ ದೊಡ್ಡದಾಗಿ, ಚೌಕಕ್ಕೆ ಹತ್ತಿರವಾಗಿ ಇರುವುದು ಗೇಮ್ ಬಾಯ್ ಮನೆತನದ್ದು. ಅದರ ಮೇಲಿನ ಬಲ ಮೂಲೆಯನ್ನು ನೋಡಿ. ಅಲ್ಲಿ ಸಣ್ಣ ಕಚ್ಚು ಇದ್ದರೆ ಅದು 1989ರ ಯಂತ್ರದಲ್ಲೂ ನಡೆಯುವ ಕಾರ್ಟ್ರಿಜ್, ಏಕೆಂದರೆ ಆ ಯಂತ್ರದ ಪವರ್ ಸ್ವಿಚ್ ಸರಿದಾಗ ಒಂದು ಪ್ಲಾಸ್ಟಿಕ್ ತುಂಡು ಬಂದು ಆ ಕಚ್ಚಿನಲ್ಲಿ ಕೂರುತ್ತಿತ್ತು. ಪಾರದರ್ಶಕ ಪ್ಲಾಸ್ಟಿಕ್‌ನ, ಕಚ್ಚು ಇಲ್ಲದ ಕಾರ್ಟ್ರಿಜ್‌ಗಳು ಗೇಮ್ ಬಾಯ್ ಕಲರ್‌ಗೆ ಮಾತ್ರ ಮಾಡಿದವು. ಕಚ್ಚು ಇಲ್ಲದ ಕಾರಣ ಹಳೆಯ ಯಂತ್ರದ ಸ್ವಿಚ್ ಆನ್ ಆಗುವುದೇ ಇಲ್ಲ. ಅಡ್ವಾನ್ಸ್‌ಗೆ ಇವೆಲ್ಲವೂ ಒಂದೇ.

ಅದೇ ಅಗಲ, ಅರ್ಧದಷ್ಟು ಎತ್ತರ ಇರುವುದು ಗೇಮ್ ಬಾಯ್ ಅಡ್ವಾನ್ಸ್ ಕಾರ್ಟ್ರಿಜ್. ಅಂಚೆಚೀಟಿಯಷ್ಟು ಚಿಕ್ಕದಾದ ತೆಳು ಕಾರ್ಡ್ ಡಿಎಸ್‌ನದು. ಅದೇ ಗಾತ್ರದ ಕಾರ್ಡ್‌ನ ಮೇಲ್ಮೂಲೆಯಲ್ಲಿ ಸಣ್ಣ ಕಿವಿಯಂತೆ ಪ್ಲಾಸ್ಟಿಕ್ ಚಾಚಿಕೊಂಡಿದ್ದರೆ ಅದು 3ಡಿಎಸ್‌ನದು. ಅದು ತಪ್ಪಿಯೂ ಡಿಎಸ್‌ನೊಳಗೆ ಹೋಗಬಾರದೆಂದೇ ಆ ಕಿವಿಯನ್ನು ಇಟ್ಟಿದ್ದಾರೆ.

ಎರಡನೆಯ ಹೆಜ್ಜೆ: ಯಂತ್ರವನ್ನು ಆರಿಸುವುದು, ಚಾರ್ಜರ್ ಬಗ್ಗೆ ಎಚ್ಚರ ವಹಿಸುವುದು

ಗೇಮ್ ಬಾಯ್ ಮತ್ತು ಕಲರ್ ಆಟಗಳಿಗೆ ನನ್ನ ಆಯ್ಕೆ 2003ರ ಅಡ್ವಾನ್ಸ್ ಎಸ್‌ಪಿ. 2001ರ ಮೊದಲ ಅಡ್ವಾನ್ಸ್‌ನಲ್ಲಿ ಪರದೆಗೆ ಬೆಳಕೇ ಇಲ್ಲ. ಅದನ್ನು ನನ್ನ ಅಕ್ಕನ ಮಗನ ಕೈಗೆ ಕೊಟ್ಟಾಗ ಅವನು ಕಿಟಕಿಯ ಹತ್ತಿರ, ಟ್ಯೂಬ್‌ಲೈಟ್ ಕೆಳಗೆ, ಕೊನೆಗೆ ಜಗಲಿಗೆ ಹೋಗಿ ಬಂದು, "ಮಾಮಾ, ಇದು ಆನ್ ಆಗಿದೆಯೋ ಇಲ್ಲವೋ ಅದೇ ಗೊತ್ತಾಗ್ತಿಲ್ಲ" ಎಂದ. ಎಸ್‌ಪಿಯಲ್ಲಿ ಎರಡು ಬಗೆಗಳಿವೆ. ಬೆಳಕಿನ ಬಟನ್ ಒತ್ತಿದಾಗ ಬೆಳಕು ಪೂರ್ತಿ ಆರಿಹೋದರೆ ಅದು ಮುಂಭಾಗದಿಂದ ಬೆಳಕು ಬೀಳುವ, ತುಸು ಮಂಕಾದ 001 ಮಾದರಿ. ಬೆಳಕು ಆರದೆ ಹೆಚ್ಚು ಕಡಿಮೆ ಮಾತ್ರ ಆದರೆ ಅದು ಹಿಂಭಾಗದ ಬೆಳಕಿನ 101 ಮಾದರಿ. ಮಾರುವವರು ಏನೇ ಹೇಳಲಿ, ಆ ಬಟನ್ ಒತ್ತಿ ತೋರಿಸಲು ಕೇಳಿ. ಎಸ್‌ಪಿಯಲ್ಲಿ ಇಯರ್‌ಫೋನ್ ರಂಧ್ರ ಇಲ್ಲ ಎಂಬುದು ಅದರ ದೊಡ್ಡ ಕೊರತೆ. ಚಾರ್ಜಿಂಗ್ ಕಿಂಡಿಗೆ ಹಾಕುವ ಅಡಾಪ್ಟರ್ ಬೇರೆಯಾಗಿ ಬೇಕು.

ಅಡ್ವಾನ್ಸ್ ಆಟಗಳಿಗೆ ಎಸ್‌ಪಿಯೂ ಆಗುತ್ತದೆ, 2006ರ ಡಿಎಸ್ ಲೈಟ್ ಕೂಡ ಆಗುತ್ತದೆ. 2008ರಲ್ಲಿ ಬಂದ ಡಿಎಸ್‌ಐ ಮಾದರಿಯಲ್ಲಿ ಅಡ್ವಾನ್ಸ್ ಕಿಂಡಿಯನ್ನೇ ತೆಗೆದುಹಾಕಿದ್ದರಿಂದ ಅದನ್ನು ಈ ಕೆಲಸಕ್ಕೆ ಕೊಳ್ಳಬೇಡಿ. 2005ರ ಗೇಮ್ ಬಾಯ್ ಮೈಕ್ರೊ ನೋಡಲು ಮುದ್ದಾಗಿದ್ದರೂ ಅಡ್ವಾನ್ಸ್ ಆಟಗಳನ್ನು ಬಿಟ್ಟು ಬೇರೆ ಏನನ್ನೂ ನಡೆಸುವುದಿಲ್ಲ.

ಅಮೆರಿಕ ಅಥವಾ ಜಪಾನಿನಿಂದ ಬಂದ ಯಂತ್ರದ ಜೊತೆಗಿರುವ ಮೂಲ ಚಾರ್ಜರ್ ಅನ್ನು ನಮ್ಮ ಗೋಡೆಯ ಸಾಕೆಟ್‌ಗೆ ಎಂದಿಗೂ ಹಾಕಬಾರದು. ಅಮೆರಿಕದ ಚಾರ್ಜರ್ 120 ವೋಲ್ಟ್‌ಗೆ, ಜಪಾನಿನದು 100 ವೋಲ್ಟ್‌ಗೆ ಮಾಡಿದ್ದು. ನಮ್ಮಲ್ಲಿರುವುದು 230 ವೋಲ್ಟ್. ಮೊಬೈಲ್ ಚಾರ್ಜರ್‌ಗಳ ಹಾಗೆ ಇದೂ ಎಲ್ಲ ಕಡೆ ನಡೆಯುತ್ತದೆಂದು ನಂಬಿ, ಪಿನ್ ಬದಲಿಸುವ ತುಂಡು ಹಾಕಿ ಸ್ವಿಚ್ ಒತ್ತಿದ ನನಗೆ ಸಿಕ್ಕಿದ್ದು ಒಂದು ಸಣ್ಣ 'ಟಪ್' ಸದ್ದು ಮತ್ತು ದಿನವಿಡೀ ಕೋಣೆ ಬಿಡದ ಸುಟ್ಟ ವಾಸನೆ. ಚಾರ್ಜರ್‌ನ ಹಿಂದೆ 'ಇನ್‌ಪುಟ್' ಎಂದು ಬರೆದಿರುವ ಸಾಲನ್ನು ಓದಿ. ಅಲ್ಲಿ 100ರಿಂದ 240 ಎಂದು ಇರದಿದ್ದರೆ ಅದನ್ನು ಬದಿಗಿಟ್ಟು, ಆ ಮಾದರಿಗೆ ಸಿಗುವ ಯುಎಸ್‌ಬಿ ಚಾರ್ಜಿಂಗ್ ಕೇಬಲ್ ಬಳಸಿ. ಎಸ್‌ಪಿ ಮತ್ತು ಮೊದಲ ಡಿಎಸ್‌ಗೆ ಒಂದೇ ಕೇಬಲ್ ಸಾಕು, ಡಿಎಸ್ ಲೈಟ್‌ಗೆ ಬೇರೆ, ಡಿಎಸ್‌ಐ ಮತ್ತು 3ಡಿಎಸ್‌ಗೆ ಮತ್ತೊಂದು.

ಮೂರನೆಯ ಹೆಜ್ಜೆ: ಕಾರ್ಟ್ರಿಜ್ ಸ್ವಚ್ಛಗೊಳಿಸುವುದು

ಊದಿ ಹಾಕುವ ಅಭ್ಯಾಸವನ್ನು ಬಿಡಬೇಕು. ಬಾಯಿಯ ತೇವ ಕಾರ್ಟ್ರಿಜ್‌ನ ಕೆಳ ಅಂಚಿನಲ್ಲಿರುವ ತಾಮ್ರದ ಪಟ್ಟಿಗಳ ಮೇಲೆ ಕೂತು ಕಾಲಕ್ರಮೇಣ ಅವುಗಳನ್ನು ಕಪ್ಪಾಗಿಸುತ್ತದೆ. ಶೇಕಡಾ 90ಕ್ಕಿಂತ ಹೆಚ್ಚು ಶುದ್ಧವಾದ ಐಸೊಪ್ರೊಪೈಲ್ ಆಲ್ಕೋಹಾಲ್ ಬೆಂಗಳೂರಿನ ಎಸ್.ಪಿ. ರಸ್ತೆಯಂಥ ಎಲೆಕ್ಟ್ರಾನಿಕ್ಸ್ ಅಂಗಡಿಗಳಲ್ಲಿ 'ಐಪಿಎ' ಎಂದು ಕೇಳಿದರೆ ಸಿಗುತ್ತದೆ. ಇಯರ್ ಬಡ್ ತುದಿಯನ್ನು ಅದರಲ್ಲಿ ಅದ್ದಿ, ತೊಟ್ಟಿಕ್ಕದಂತೆ ಹಿಂಡಿ, ಪಟ್ಟಿಗಳ ಉದ್ದಕ್ಕೂ ಒಳಗಿನಿಂದ ಹೊರಕ್ಕೆ ಒರೆಸಿ. ಬಡ್ ಕಪ್ಪಾಗುವುದು ನಿಲ್ಲುವವರೆಗೆ ಹೊಸ ಬಡ್ ತೆಗೆದುಕೊಳ್ಳುತ್ತಾ ಹೋಗಿ, ಅನಂತರ ಹತ್ತು ನಿಮಿಷ ಆರಲು ಬಿಡಿ.

ಕೊಳೆ ಇದ್ದರೆ ಏನಾಗುತ್ತದೆ ಎಂಬುದು ತಿಳಿದಿದ್ದರೆ ರೋಗ ಗುರುತಿಸುವುದು ಸುಲಭ. ಗೇಮ್ ಬಾಯ್ ಆನ್ ಆದ ಕೂಡಲೇ ಕಾರ್ಟ್ರಿಜ್‌ನಿಂದ ನಿಂಟೆಂಡೊ ಲೋಗೊದ 48 ಬೈಟ್‌ಗಳನ್ನು ಓದಿ, ತನ್ನೊಳಗಿನ ಪ್ರತಿಯೊಂದಿಗೆ ಹೋಲಿಸುತ್ತದೆ. ಒಂದು ಬೈಟ್ ತಪ್ಪಿದರೂ ಅಲ್ಲೇ ನಿಲ್ಲುತ್ತದೆ. ಹಾಗಾಗಿ ಲೋಗೊ ಕಲಸಿದಂತೆ ಅಥವಾ ಕಪ್ಪು ಪಟ್ಟಿಯಾಗಿ ಕಂಡರೆ ಆಟ ಹಾಳಾಗಿದೆ ಎಂದುಕೊಳ್ಳಬೇಡಿ, ಪಟ್ಟಿ ಕೊಳೆಯಾಗಿದೆ ಎಂದು ತಿಳಿಯಿರಿ. ಅಡ್ವಾನ್ಸ್ ಕಾರ್ಟ್ರಿಜ್ ಓದಲಾಗದಿದ್ದಾಗ 'ಗೇಮ್ ಬಾಯ್' ಎಂಬ ದೊಡ್ಡ ಅಕ್ಷರಗಳು ಬಂದು, ಅದರ ಕೆಳಗೆ ಕಂಪನಿಯ ಹೆಸರು ಬಾರದೆ ಪರದೆ ಹಾಗೇ ನಿಂತುಬಿಡುತ್ತದೆ.

ನಾಲ್ಕನೆಯ ಹೆಜ್ಜೆ: ಸೇವ್ ಉಳಿದಿದೆಯೇ ಎಂದು ನೋಡುವುದು

ಹಳೆಯ ಆಟವನ್ನು ಮತ್ತೆ ಆಡಲು ಕೂರುವವರಲ್ಲಿ ಹೆಚ್ಚಿನವರಿಗೆ ಬೇಕಿರುವುದು ಆಟಕ್ಕಿಂತ ಅದರೊಳಗಿನ ತಮ್ಮ ಬಾಲ್ಯದ ಸೇವ್ (ಆಟದಲ್ಲಿ ಎಲ್ಲಿಯವರೆಗೆ ಬಂದಿದ್ದೆವು ಎಂಬ ದಾಖಲೆ), ಆದ್ದರಿಂದ ಈ ಹೆಜ್ಜೆಯನ್ನು ಅವಸರದಲ್ಲಿ ದಾಟಬಾರದು. ಗೇಮ್ ಬಾಯ್ ಕಾರ್ಟ್ರಿಜ್‌ಗಳಲ್ಲಿ ಸೇವ್ ಇರುವುದು ವಿದ್ಯುತ್ ಹೋದರೆ ಎಲ್ಲವನ್ನೂ ಮರೆಯುವ ಚಿಪ್‌ನಲ್ಲಿ. ಆ ಮರೆವನ್ನು ತಡೆಯಲು ಒಳಗೆ ಕೈಗಡಿಯಾರದಲ್ಲಿರುವಂಥ ಒಂದು ಗುಂಡು ಸೆಲ್ ಬೆಸುಗೆ ಹಾಕಿ ಕೂರಿಸಿರುತ್ತಾರೆ. ಆ ಸೆಲ್ ಸತ್ತರೆ ಆಟ ನಡೆಯುತ್ತದೆ, ಸೇವ್ ಮಾತ್ರ ನಿಲ್ಲುವುದಿಲ್ಲ. ಪೋಕೆಮಾನ್ ಗೋಲ್ಡ್ ಮತ್ತು ಸಿಲ್ವರ್‌ನಲ್ಲಿ ಅದೇ ಸೆಲ್ ಒಂದು ಗಡಿಯಾರವನ್ನೂ ಹಗಲಿರುಳು ನಡೆಸುವುದರಿಂದ ಬೇರೆ ಆಟಗಳಿಗಿಂತ ಬೇಗ ಬರಿದಾಗುತ್ತದೆ.

ಅಡ್ವಾನ್ಸ್‌ನ ಕಾಲಕ್ಕೆ ಈ ಪದ್ಧತಿ ಬದಲಾಗತೊಡಗಿತು. ಪೋಕೆಮಾನ್ ರೂಬಿ, ಸಫೈರ್, ಎಮರಾಲ್ಡ್ ಆಟಗಳನ್ನು ಆನ್ ಮಾಡಿದಾಗ ಒಳಗಿನ ಬ್ಯಾಟರಿ ಮುಗಿದಿದೆ ಎಂಬ ಸಂದೇಶ ಬಂದರೆ ಹೆದರಬೇಕಿಲ್ಲ, ಏಕೆಂದರೆ ಅಲ್ಲಿ ಸೇವ್ ಇರುವುದು ಸೆಲ್ ಬೇಡದ ಫ್ಲಾಶ್ ಚಿಪ್‌ನಲ್ಲಿ. ನಿಂತುಹೋಗುವುದು ಗಡಿಯಾರಕ್ಕೆ ಸಂಬಂಧಿಸಿದ ಘಟನೆಗಳು ಮಾತ್ರ. ಡಿಎಸ್ ಕಾರ್ಡ್‌ಗಳಲ್ಲಿ ಸೇವ್‌ಗಾಗಿ ಸೆಲ್ ಇಲ್ಲವೇ ಇಲ್ಲ.

ಗೇಮ್ ಬಾಯ್ ಕಾರ್ಟ್ರಿಜ್‌ನ ಸೆಲ್ ಬದಲಿಸಬೇಕಾದರೆ, ಹಳೆಯದನ್ನು ಕಿತ್ತ ಕ್ಷಣದಲ್ಲೇ ಸೇವ್ ಅಳಿಯುತ್ತದೆ ಎಂಬುದನ್ನು ಮನಸ್ಸಿನಲ್ಲಿಟ್ಟುಕೊಳ್ಳಿ. ಸೆಲ್ ಇನ್ನೂ ಜೀವಂತವಾಗಿದ್ದರೆ ಮೊದಲು ಜಿಬಿಎಕ್ಸ್‌ಕಾರ್ಟ್‌ನಂಥ ಯುಎಸ್‌ಬಿ ರೀಡರ್‌ಗೆ ಕಾರ್ಟ್ರಿಜ್ ಚುಚ್ಚಿ ಸೇವ್ ಅನ್ನು ಕಂಪ್ಯೂಟರ್‌ಗೆ ಇಳಿಸಿಕೊಳ್ಳಿ. ಸೆಲ್ ಬದಲಿಸಿದ ಮೇಲೆ ಅದೇ ರೀಡರ್‌ನಿಂದ ಸೇವ್ ಅನ್ನು ವಾಪಸು ಬರೆಯಬಹುದು.

ಕಾರ್ಟ್ರಿಜ್ ಬಿಚ್ಚಲು 3.8 ಮಿಲಿಮೀಟರ್‌ನ ವಿಶೇಷ ಸ್ಕ್ರೂ ಡ್ರೈವರ್ ಬೇಕು. ಅಡ್ವಾನ್ಸ್ ಕಾರ್ಟ್ರಿಜ್‌ಗೆ ಮೂರು ಕವಲಿನ ತುದಿಯದು. ಹಿಂದಿನ ಒಂದೇ ಸ್ಕ್ರೂ ತೆಗೆದು ಮುಂಭಾಗವನ್ನು ತುಸು ಕೆಳಕ್ಕೆ ಸರಿಸಿದರೆ ಚಿಪ್‌ಗಳಿರುವ ಹಲಗೆ ಕಾಣುತ್ತದೆ. ಸೆಲ್ ಮೇಲೆ ಮುದ್ರಿಸಿರುವ ಸಂಖ್ಯೆಯನ್ನು ಬರೆದುಕೊಂಡು ಅದೇ ಸಂಖ್ಯೆಯ ಸೆಲ್ ತನ್ನಿ. ಗೋಲ್ಡ್ ಮತ್ತು ಸಿಲ್ವರ್‌ನಲ್ಲಿ ಅದು ಸಿಆರ್2025. ಎರಡೂ ಬದಿಯಲ್ಲಿ ಲೋಹದ ಪಟ್ಟಿ ಅಂಟಿಸಿರುವ ಸೆಲ್ ಅನ್ನೇ ಕೇಳಿ ಪಡೆಯಿರಿ. ಬರಿಯ ಸೆಲ್ ಮೇಲೆ ನೇರವಾಗಿ ಬೆಸುಗೆ ಕಾಯಿಸಿದರೆ ಅದು ಸಿಡಿಯಬಹುದು, ಟೇಪ್ ಸುತ್ತಿ ಕೂರಿಸಿದರೆ ಜೇಬಿನಲ್ಲಿ ಒಮ್ಮೆ ಅಲುಗಿದರೂ ಸೇವ್ ಹೋಗುತ್ತದೆ. ಹಲಗೆಯ ಮೇಲಿನ ಪ್ಲಸ್ ಮೈನಸ್ ಗುರುತುಗಳನ್ನು ಹೊಂದಿಸಿ ಬೆಸುಗೆ ಹಾಕಿ. ಬೆಸುಗೆ ಬಾರದವರು ಪಕ್ಕದ ಮೊಬೈಲ್ ರಿಪೇರಿ ಅಂಗಡಿಯವರಿಗೆ ಕೊಟ್ಟರೆ ಐದು ನಿಮಿಷದ ಕೆಲಸ, ಆದರೆ ಎದುರಿಗೇ ನಿಂತು ಮಾಡಿಸಿ.

ಇಲ್ಲೇ ನಕಲಿ ಕಾರ್ಟ್ರಿಜ್‌ಗಳ ಮಾತನ್ನೂ ಹೇಳಿಬಿಡುತ್ತೇನೆ. ಒಮ್ಮೆ ಅಂಗಡಿಯೊಂದರಲ್ಲಿ ಅಸಲಿ ಎಂದು ಕೊಂಡ ಎಮರಾಲ್ಡ್ ಆಟ ಮೂವತ್ತು ಗಂಟೆ ಆಡಿದ ಮೇಲೆ ಒಂದು ಬೆಳಿಗ್ಗೆ ಖಾಲಿ ಸೇವ್ ತೋರಿಸಿತು; ಬಿಚ್ಚಿ ನೋಡಿದರೆ ಚಿಪ್ ಇರಬೇಕಾದಲ್ಲಿ ಕಪ್ಪು ಅಂಟಿನ ಗುಳ್ಳೆ. ಕೊಳ್ಳುವ ಮುನ್ನ ಅಡ್ವಾನ್ಸ್ ಕಾರ್ಟ್ರಿಜ್‌ನ ಲೇಬಲ್ ಅನ್ನು ಬೆಳಕಿಗೆ ಓರೆಯಾಗಿ ಹಿಡಿಯಿರಿ, ಅಸಲಿಯ ಮೇಲೆ ಒತ್ತಿ ಮೂಡಿಸಿದ ಎರಡು ಅಂಕಿಗಳು ಕಾಣುತ್ತವೆ. ಕೆಳಗಿನಿಂದ ನೋಡಿದಾಗ ಹಲಗೆಯ ಪಟ್ಟಿಗಳ ಮೇಲ್ಗಡೆ ಕಂಪನಿಯ ಹೆಸರು ಅಚ್ಚಾಗಿರಬೇಕು.

ಐದನೆಯ ಹೆಜ್ಜೆ: ಗೇಮ್ ಬಾಯ್ ಆಟವನ್ನು ಅಡ್ವಾನ್ಸ್‌ನಲ್ಲಿ ಆಡುವುದು

ಯಂತ್ರ ಆಫ್ ಇರುವಾಗಲೇ ಕಾರ್ಟ್ರಿಜ್ ಹಾಕಿ ಕೊನೆಯವರೆಗೆ ಒತ್ತಬೇಕು. ಅಡ್ವಾನ್ಸ್‌ನ ಕಿಂಡಿಯೊಳಗೆ ಒಂದು ಸಣ್ಣ ಸ್ವಿಚ್ ಅಡಗಿದೆ. ಹಳೆಯ ಕಾರ್ಟ್ರಿಜ್‌ನ ಅಂಚು ಅದನ್ನು ಒತ್ತಿದಾಗ ಯಂತ್ರ 3.3 ವೋಲ್ಟ್‌ನಿಂದ 5 ವೋಲ್ಟ್‌ಗೆ ಬದಲಾಗಿ 8 ಬಿಟ್ ಪ್ರೊಸೆಸರ್ ಅನ್ನು ಎಬ್ಬಿಸುತ್ತದೆ; ಅಡ್ವಾನ್ಸ್ ಕಾರ್ಟ್ರಿಜ್‌ನ ಅಂಚಿನಲ್ಲಿ ಆ ಜಾಗವನ್ನು ಕಡಿದಿರುವುದರಿಂದ ಸ್ವಿಚ್ ಒತ್ತುವುದಿಲ್ಲ. ಅರ್ಧ ಕೂತ ಕಾರ್ಟ್ರಿಜ್‌ನಿಂದ ಯಂತ್ರ ಗೊಂದಲಕ್ಕೆ ಬೀಳುವುದು ಇದೇ ಕಾರಣಕ್ಕೆ.

ಹಳೆಯ ಆಟದ ಚಿತ್ರ 160ಕ್ಕೆ 144 ಚುಕ್ಕೆಗಳದ್ದು, ಅಡ್ವಾನ್ಸ್‌ನ ಪರದೆ 240ಕ್ಕೆ 160. ಆದ್ದರಿಂದ ಚಿತ್ರ ನಡುವೆ ಕೂತು ಸುತ್ತಲೂ ಕಪ್ಪು ಉಳಿಯುತ್ತದೆ. ಎಲ್ ಮತ್ತು ಆರ್ ಬಟನ್‌ಗಳಿಂದ ಅದನ್ನು ಅಡ್ಡಕ್ಕೆ ಎಳೆಯಬಹುದು, ಮತ್ತೆ ಮೊದಲಿನ ಅಳತೆಗೆ ತರಬಹುದು. ಎಳೆದಾಗ ಮುಖಗಳೆಲ್ಲ ಹಲಸಿನ ಹಣ್ಣಿನಂತೆ ಊದಿಕೊಳ್ಳುತ್ತವೆ, ನಾನಂತೂ ಎಳೆಯುವುದಿಲ್ಲ.

ಕಪ್ಪುಬಿಳುಪಿನ ಹಳೆಯ ಆಟಗಳಿಗೆ ಬಣ್ಣ ಹಚ್ಚುವ ಸೌಲಭ್ಯ ಎಷ್ಟೋ ಜನಕ್ಕೆ ಗೊತ್ತೇ ಇಲ್ಲ. ಆನ್ ಮಾಡಿದ ಮೇಲೆ ಲೋಗೊ ಕಾಣುವಾಗ ದಿಕ್ಕಿನ ಬಟನ್ ಒಂದನ್ನೇ, ಅಥವಾ ಅದರ ಜೊತೆಗೆ ಎ ಇಲ್ಲವೇ ಬಿ ಬಟನ್ ಅನ್ನು ಒತ್ತಿದರೆ ಒಟ್ಟು 12 ಬಣ್ಣದ ಜೋಡಣೆಗಳಲ್ಲಿ ಒಂದು ಸಿಗುತ್ತದೆ. ಮೇಲಕ್ಕೆ ಒತ್ತಿದರೆ ಕಂದು, ಎಡಕ್ಕೆ ಒತ್ತಿದರೆ ನೀಲಿ, ಕೆಳಕ್ಕೆ ಮತ್ತು ಬಿ ಒತ್ತಿದರೆ ಹಳದಿ. ಯಂತ್ರ ತಾನಾಗಿ ಹಚ್ಚುವ ಬಣ್ಣ ಕಣ್ಣಿಗೆ ಚುಚ್ಚಿದರೆ ಎಡಕ್ಕೆ ಮತ್ತು ಬಿ ಒತ್ತಿ: ಶುದ್ಧ ಬೂದು ಛಾಯೆ ಬರುತ್ತದೆ, ಮೂಲ ಆಟದ ಚಿತ್ರಕಾರರು ನಾಲ್ಕೇ ಛಾಯೆಯಲ್ಲಿ ಮಾಡಿದ ಕೆಲಸ ಅದರಲ್ಲಿ ಚೆನ್ನಾಗಿ ಕಾಣುತ್ತದೆ.

ಇಬ್ಬರು ಆಡುವುದಾದರೆ ಕೇಬಲ್ ಗೇಮ್ ಬಾಯ್ ಕಲರ್ ಕಾಲದ್ದೇ ಆಗಿರಬೇಕು. ಎರಡೂ ಯಂತ್ರ ಅಡ್ವಾನ್ಸ್ ಆಗಿದ್ದರೂ ಹಳೆಯ ಆಟಕ್ಕೆ ಅಡ್ವಾನ್ಸ್ ಕೇಬಲ್ ಆಗದು. ಯಂತ್ರವನ್ನು ಓರೆ ಮಾಡಿ ಆಡುವ ಕರ್ಬಿ ಟಿಲ್ಟ್ ಆ್ಯಂಡ್ ಟಂಬಲ್ ಆಟವನ್ನು ಎಸ್‌ಪಿಗೆ ಹಾಕಬೇಡಿ, ಅಲ್ಲಿ ಕಾರ್ಟ್ರಿಜ್ ಕೆಳಗಿನಿಂದ ಹೋಗುವುದರಿಂದ ಓರೆಯೆಲ್ಲ ತಿರುಗುಮುರುಗಾಗುತ್ತದೆ.

ಆರನೆಯ ಹೆಜ್ಜೆ: ಅಡ್ವಾನ್ಸ್ ಆಟವನ್ನು ಡಿಎಸ್‌ನಲ್ಲಿ ಆಡುವುದು

ಡಿಎಸ್‌ನ ಕೆಳ ಅಂಚಿನಲ್ಲಿರುವ ದೊಡ್ಡ ಕಿಂಡಿಯೇ ಅಡ್ವಾನ್ಸ್ ಕಿಂಡಿ. ಲೈಟ್ ಮಾದರಿಯಲ್ಲಿ ಕಾರ್ಟ್ರಿಜ್ ಸ್ವಲ್ಪ ಹೊರಗೆ ಚಾಚಿಕೊಂಡಿರುತ್ತದೆ, ಅದು ಸರಿಯಾಗಿಯೇ ಕೂತಿದೆ, ಇನ್ನಷ್ಟು ಒತ್ತಬೇಡಿ. ಆಟ ಶುರು ಮಾಡುವ ಮೊದಲೇ ಮೆನುವಿನಲ್ಲಿ ಎರಡು ಕೆಲಸ ಮುಗಿಸಿಕೊಳ್ಳಬೇಕು: ಬೆಳಕಿನ ಮಟ್ಟವನ್ನು ಹೊಂದಿಸುವುದು ಮತ್ತು ಸೆಟ್ಟಿಂಗ್‌ನಲ್ಲಿ ಚಿತ್ರ ಮೇಲಿನ ಪರದೆಯಲ್ಲಿ ಬರಬೇಕೋ ಕೆಳಗಿನದರಲ್ಲೋ ಎಂದು ಆರಿಸುವುದು. ಒಮ್ಮೆ ಆಟ ಶುರುವಾದರೆ ಡಿಎಸ್ ತಾನು ಡಿಎಸ್ ಎಂಬುದನ್ನೇ ಮರೆಯುತ್ತದೆ. ಮೆನುವಿಗೆ ಹಿಂತಿರುಗಲು ಯಂತ್ರ ಆಫ್ ಮಾಡುವುದೊಂದೇ ದಾರಿ. ಸ್ಪರ್ಶ ಪರದೆ, ಎಕ್ಸ್ ಮತ್ತು ವೈ ಬಟನ್‌ಗಳು ಕೆಲಸ ಮಾಡುವುದಿಲ್ಲ. ಮುಚ್ಚಳ ಮುಚ್ಚಿದರೆ ಡಿಎಸ್ ಆಟಗಳು ಮಲಗುವಂತೆ ಇವು ಮಲಗುವುದಿಲ್ಲ, ಹಾಗಾಗಿ ಬಸ್ ಇಳಿಯುವ ಅವಸರದಲ್ಲಿ ಮುಚ್ಚಿ ಬ್ಯಾಗಿಗೆ ಹಾಕಿದರೆ ಸಂಜೆ ಮನೆಗೆ ಬರುವಷ್ಟರಲ್ಲಿ ಬ್ಯಾಟರಿ ಬರಿದಾಗಿರುತ್ತದೆ.

ಡಿಎಸ್‌ನಲ್ಲಿ ಕೇಬಲ್ ಕಿಂಡಿ ಇಲ್ಲದ್ದರಿಂದ ಅಡ್ವಾನ್ಸ್ ಆಟಗಳನ್ನು ಇಬ್ಬರು ಕೂಡಿ ಆಡಲಾಗದು. ಅದಕ್ಕೆ ಪ್ರತಿಯಾಗಿ ಬೇರೆಲ್ಲೂ ಇಲ್ಲದ ಒಂದು ಅನುಕೂಲವಿದೆ. ಎರಡೂ ಕಿಂಡಿಗಳಲ್ಲಿ ಆಟ ಹಾಕಿಟ್ಟರೆ ರೂಬಿ ಅಥವಾ ಎಮರಾಲ್ಡ್‌ನ ಪೋಕೆಮಾನ್‌ಗಳನ್ನು ಡೈಮಂಡ್, ಪರ್ಲ್ ಎಂಬ ಡಿಎಸ್ ಆಟಗಳಿಗೆ ಸಾಗಿಸಬಹುದು. ಈ ಸಾಗಣೆ ಒಮ್ಮುಖ, ಹೋದದ್ದು ವಾಪಸು ಬಾರದು.

ಏಳನೆಯ ಹೆಜ್ಜೆ: ಡಿಎಸ್ ಆಟವನ್ನು 3ಡಿಎಸ್‌ನಲ್ಲಿ ಆಡುವುದು

ಕಾರ್ಡ್ ಹಾಕಿದರೆ ಮುಖಪುಟದಲ್ಲಿ ಚಿಹ್ನೆ ಬರುತ್ತದೆ, ಒತ್ತಿದರೆ ಆಟ ಶುರುವಾಗುತ್ತದೆ. ಆದರೆ ಚಿತ್ರ ಮಸುಕಾಗಿರುತ್ತದೆ. ಡಿಎಸ್‌ನ ಚಿತ್ರ 256ಕ್ಕೆ 192 ಚುಕ್ಕೆ. ಅದನ್ನು 320ಕ್ಕೆ 240 ಆಗಿ ಹಿಗ್ಗಿಸುವಾಗ ಪ್ರತಿ ನಾಲ್ಕು ಚುಕ್ಕೆಗಳನ್ನು ಐದರ ಜಾಗಕ್ಕೆ ಹರಡಬೇಕಾಗುತ್ತದೆ, ನಾಲ್ಕು ದೋಸೆಯ ಹಿಟ್ಟಿನಲ್ಲಿ ಐದು ಹುಯ್ದ ಹಾಗೆ. ಇದಕ್ಕೆ ಪರಿಹಾರ: ಚಿಹ್ನೆಯನ್ನು ಒತ್ತುವಾಗ ಸ್ಟಾರ್ಟ್ ಅಥವಾ ಸೆಲೆಕ್ಟ್ ಬಟನ್ ಹಿಡಿದುಕೊಂಡಿದ್ದು, ಆಟ ತೆರೆಯುವವರೆಗೆ ಬಿಡಬೇಡಿ. ಆಗ ಚಿತ್ರ ಚಿಕ್ಕದಾಗಿ, ಸುತ್ತಲೂ ಕಪ್ಪು ಚೌಕಟ್ಟಿನೊಂದಿಗೆ, ಚುಕ್ಕೆಗೆ ಚುಕ್ಕೆ ಸ್ಪಷ್ಟವಾಗಿ ಬರುತ್ತದೆ. ಸಾಮಾನ್ಯ 3ಡಿಎಸ್‌ನಲ್ಲಿ ಇದು ಕಣ್ಣಿಗೆ ತೀರಾ ಕಿರಿದು. ಎಕ್ಸ್‌ಎಲ್ ಮಾದರಿಯಲ್ಲಿ ಚುಕ್ಕೆಗಳೇ ದೊಡ್ಡವಾದ್ದರಿಂದ ಈ ಮೂಲ ಅಳತೆಯ ಚಿತ್ರವೂ ಡಿಎಸ್ ಲೈಟ್‌ನ ಪರದೆಗಿಂತ ತುಸು ದೊಡ್ಡದೇ ಆಗುತ್ತದೆ. ಡಿಎಸ್ ಆಟಗಳಿಗಾಗಿಯೇ 3ಡಿಎಸ್ ಕೊಳ್ಳುವವರು ಎಕ್ಸ್‌ಎಲ್ ಬಿಟ್ಟು ಬೇರೆ ನೋಡಬೇಕಿಲ್ಲ.

3ಡಿಎಸ್‌ನ ಮೂರು ಆಯಾಮದ ಚಿತ್ರ ಡಿಎಸ್ ಆಟಗಳಿಗೆ ಇಲ್ಲ. ಅಡ್ವಾನ್ಸ್ ಕಿಂಡಿಯನ್ನು ಅವಲಂಬಿಸಿದ ಉಪಕರಣಗಳು, ಉದಾಹರಣೆಗೆ ಗಿಟಾರ್ ಹೀರೊ ಆನ್ ಟೂರ್‌ನ ಹಿಡಿಕೆ, ಇಲ್ಲಿ ನಿರುಪಯೋಗಿ. ಸಾಮಾನ್ಯ ಡಿಎಸ್ ಕಾರ್ಡ್ ಯಾವ ದೇಶದ್ದಾದರೂ ಯಾವ ದೇಶದ 3ಡಿಎಸ್‌ನಲ್ಲಾದರೂ ನಡೆಯುತ್ತದೆ. ಆದರೆ ಪೋಕೆಮಾನ್ ಬ್ಲ್ಯಾಕ್ ಮತ್ತು ವೈಟ್‌ನಂತೆ ಡಿಎಸ್‌ಐ ಸೌಲಭ್ಯ ಸೇರಿಸಿದ ಕಾರ್ಡ್‌ಗಳಿಗೆ ಪ್ರದೇಶದ ಬೀಗವಿದೆ. ಅಮೆರಿಕದ ಅಣ್ಣ ಕಳಿಸಿದ ಯಂತ್ರಕ್ಕೆ ಜಪಾನಿನ ಬ್ಲ್ಯಾಕ್ ಹಾಕಿದರೆ ಅದು ತೆರೆಯುವುದಿಲ್ಲ.

ಕಾರ್ಟ್ರಿಜ್ ಇಲ್ಲದವರಿಗೆ

3ಡಿಎಸ್‌ನ ಆನ್‌ಲೈನ್ ಅಂಗಡಿಯಲ್ಲಿ ಗೇಮ್ ಬಾಯ್ ಆಟಗಳು ಮಾರಾಟಕ್ಕಿದ್ದವು, ಆದರೆ 2023ರ ಮಾರ್ಚ್ 27ಕ್ಕೆ ಖರೀದಿ ನಿಂತಿತು. ಅದೇ ವರ್ಷದ ಫೆಬ್ರವರಿಯಲ್ಲಿ ನಿಂಟೆಂಡೊದ 'ಸ್ವಿಚ್' ಎಂಬ ಕನ್ಸೋಲ್‌ನ ಚಂದಾ ಸೇವೆಗೆ ಗೇಮ್ ಬಾಯ್ ಆಟಗಳು ಸೇರಿದವು. ಅಡ್ವಾನ್ಸ್ ಆಟಗಳು ಬೇಕೆಂದರೆ ಹೆಚ್ಚು ದರದ ಚಂದಾ ಬೇಕು. ಅಲ್ಲಿ ಸಿಗುವುದು ಕಂಪನಿ ಆರಿಸಿದ ಆಟಗಳು ಮಾತ್ರ, ಬೀರುವಿನಲ್ಲಿರುವ ನಿಮ್ಮ ಹಳೆಯ ಸೇವ್‌ಗೂ ಅದಕ್ಕೂ ಸಂಬಂಧವಿಲ್ಲ.

ಹಣವಿದ್ದು ಕಾರ್ಟ್ರಿಜ್‌ಗಳೂ ಇದ್ದರೆ 2021ರ ಕೊನೆಯಲ್ಲಿ ಬಂದ ಅನಲಾಗ್ ಪಾಕೆಟ್ ಎಂಬ ಯಂತ್ರವಿದೆ. ಅದು ಗೇಮ್ ಬಾಯ್, ಕಲರ್, ಅಡ್ವಾನ್ಸ್ ಮೂರರ ಕಾರ್ಟ್ರಿಜ್‌ಗಳನ್ನೂ ನೇರವಾಗಿ ತೆಗೆದುಕೊಳ್ಳುತ್ತದೆ, ಮತ್ತು ಹಳೆಯ ಚಿಪ್‌ಗಳ ಜೋಡಣೆಯನ್ನು ಸಾಫ್ಟ್‌ವೇರ್ ಬದಲು ಎಫ್‌ಪಿಜಿಎ ಎಂಬ ಮರುಜೋಡಿಸಬಹುದಾದ ಚಿಪ್‌ನಲ್ಲಿ ಕಟ್ಟುತ್ತದೆ. ಅದರ ಪರದೆ 1600ಕ್ಕೆ 1440, ಅಂದರೆ ಗೇಮ್ ಬಾಯ್‌ನ ಸರಿಯಾಗಿ ಹತ್ತು ಪಟ್ಟು. ಒಂದು ಹಳೆಯ ಚುಕ್ಕೆ ಇಲ್ಲಿ ಹತ್ತಕ್ಕೆ ಹತ್ತರ ಚೌಕವಾಗುವುದರಿಂದ ಮಸುಕಾಗುವ ಪ್ರಶ್ನೆಯೇ ಏಳದು.

ಯಾವ ಯಂತ್ರದಲ್ಲಿ ಆಡಿದರೂ, ಮುಗಿಸುವಾಗ ಆಟದೊಳಗೇ ಸೇವ್ ಮಾಡಿ, ಸೇವ್ ಆಯಿತೆಂಬ ಸಂದೇಶ ನೋಡಿ, ಪವರ್ ಆಫ್ ಮಾಡಿ, ಆಮೇಲೆ ಕಾರ್ಟ್ರಿಜ್ ತೆಗೆಯಿರಿ. ಸೆಲ್ ಹೊಸದಾಗಿ ಹಾಕಿಸಿದ ಕಾರ್ಟ್ರಿಜ್ ಆದರೆ ಆ ದಿನದ ತಾರೀಖನ್ನು ಸಣ್ಣ ಚೀಟಿಯಲ್ಲಿ ಬರೆದು ಹಿಂಭಾಗಕ್ಕೆ ಅಂಟಿಸಿ. ಎಎ ಸೆಲ್ ಹಾಕುವ ಯಂತ್ರವನ್ನು ಬೀರುವಿಗೆ ಮರಳಿಸುವಾಗ ಸೆಲ್‌ಗಳನ್ನು ತೆಗೆದು ಬೇರೆ ಇಡಿ.